ಜವರಮ್ಮ ಕೂತರೆ ನಿಲ್ಲುವ ಆಟ

ನಾನು ಹೋದಾಗಲೆಲ್ಲ ಅದು ಓಡುತ್ತಿತ್ತು. ಕೆಲಸ ಮುಗಿಸಿ ಬಸ್ಸು ಹತ್ತಿ ಪಾಂಡವಪುರಕ್ಕೆ ವಾಪಸು ಬರುವಷ್ಟರಲ್ಲಿ ಕೆ.ಆರ್. ಪೇಟೆಯಿಂದ ಮತ್ತೆ ಫೋನು: "ನಿಂತೋಯ್ತು ಕಣಮ್ಮ."

ಫೋನು ಮಾಡುತ್ತಿದ್ದವರು ಅಲ್ಲಿನ ತರಬೇತಿ ಕೇಂದ್ರದ ಮೇಷ್ಟ್ರು. ಬಸ್ಸು ಓಡಿಸಿ ನಿವೃತ್ತರಾದವರು, ಎಲ್ಲರೂ ಅವರನ್ನು ಡ್ರೈವರಣ್ಣ ಅಂತಲೇ ಕರೆಯುತ್ತಿದ್ದರು. ಹೆಂಗಸರಿಗೆ ಗೂಡ್ಸ್ ಗಾಡಿ ಓಡಿಸಲು ಕಲಿಸುವ ಕೇಂದ್ರ ಅದು. ಅಂಥವು ನಾಲ್ಕಿದ್ದವು: ಶ್ರೀರಂಗಪಟ್ಟಣ, ಪಾಂಡವಪುರ, ಕೆ.ಆರ್. ಪೇಟೆ, ನಾಗಮಂಗಲ. ಪ್ರತಿ ಕೇಂದ್ರಕ್ಕೂ ನಿಜವಾದ ಗಾಡಿ ಒಂದೇ. ಉಳಿದಂತೆ ಆರು ಕಂಪ್ಯೂಟರು, ಪ್ರತಿಯೊಂದಕ್ಕೂ ಮೇಜಿಗೆ ಬಿಗಿದ ಸ್ಟಿಯರಿಂಗು, ಕಾಲ ಕೆಳಗೆ ಕ್ಲಚ್ಚು, ಬ್ರೇಕು, ಪಕ್ಕದಲ್ಲಿ ಗೇರು. ಕಾಗದಪತ್ರಗಳಲ್ಲಿ ಇದಕ್ಕೆ ಸಿಮ್ಯುಲೇಟರ್ ಎಂಬ ದೊಡ್ಡ ಹೆಸರು. ಒಳಗಿದ್ದದ್ದು ಹೊರದೇಶದವರು ಮಾಡಿದ, ಹುಡುಗರು ಮನೆಯಲ್ಲಿ ಆಡುವಂಥ ಒಂದು ವಿಡಿಯೋ ಗೇಮು. ಒಬ್ಬೊಬ್ಬರೂ ಈ ಆಟದಲ್ಲಿ ಇಪ್ಪತ್ತು ಗಂಟೆ ಓಡಿಸಬೇಕು. ಗಂಟೆಗಳನ್ನು ಆಟವೇ ಉಳಿಸಿಟ್ಟುಕೊಳ್ಳುತ್ತದೆ. ಇಪ್ಪತ್ತು ತುಂಬಿದವರಿಗಷ್ಟೇ ಹೊರಗೆ ಬೇವಿನ ಮರದಡಿ ನಿಂತ ನಿಜವಾದ ಗಾಡಿಯ ಕೀಲಿಕೈ.

ಯಂತ್ರಗಳನ್ನು ಪೂರೈಸಿದ್ದು ಮೈಸೂರಿನ ಒಂದು ಸಣ್ಣ ಕಂಪನಿ. ನಾಲ್ಕು ತಾಲ್ಲೂಕಿನ ರಿಪೇರಿಗೂ ಸೇರಿ ನಾನೊಬ್ಬಳೇ.

ಮೊದಲ ಮೂರು ವಾರ ತೊಂದರೆ ಇರಲಿಲ್ಲ. ಎಲ್ಲರೂ ಒಂದೇ ಲಾಗಿನ್ ಬಳಸುತ್ತಿದ್ದರು. ಆಮೇಲೆ, ಯಾರು ಎಷ್ಟು ಗಂಟೆ ಓಡಿಸಿದರು ಎಂದು ಬೇರೆ ಬೇರೆಯಾಗಿ ಗೊತ್ತಾಗಬೇಕು, ಆದ್ದರಿಂದ ಪ್ರತಿಯೊಬ್ಬರಿಗೂ ಅವರವರದೇ ಲಾಗಿನ್ ಮಾಡಿಕೊಡಿ ಎಂದು ಕಂಪನಿಯಿಂದ ಸೂಚನೆ ಬಂತು. ಅದೇ ವಾರ ಆಟಕ್ಕೆ ಹೊಸ ಅಪ್‌ಡೇಟು ಕೂಡ ಬಂತು. ಕೆ.ಆರ್. ಪೇಟೆಯಲ್ಲಿ ಆಟ ನಿಲ್ಲತೊಡಗಿದ್ದೂ ಆಗಲೇ. ನನ್ನ ಅನುಮಾನ ಪೂರ್ತಿ ಅಪ್‌ಡೇಟಿನ ಮೇಲೆ ಹೋಯಿತು.

ಮೊದಲ ಸಲ ಹೋದಾಗ ಕೇಂದ್ರದ ಹನ್ನೆರಡು ಹೆಂಗಸರಲ್ಲಿ ಹನ್ನೊಂದು ಮಂದಿ ಗೋಡೆಗೊರಗಿ ನಿಂತಿದ್ದರು. ಆರೂ ಪರದೆ ಕಪ್ಪು. ಯಾರೋ ಆಗಲೇ ಪ್ಲಗ್ಗು ಕಿತ್ತಿದ್ದರು.

"ಎಷ್ಟ್ ಒತ್ತುದ್ರೂ ಬರ್ನಿಲ್ಲ ಕಣವ್ವ. ಅರ್ಧ ಬತ್ತದೆ, ಗೆರೆ ಓಡ್ತದೆ, ಅಂಗೇ ಕುಂತ್ಕತದೆ," ಎಂದರು ಕುರ್ಚಿಯಲ್ಲಿ ಕೂತಿದ್ದ ಒಬ್ಬರು. ಐವತ್ತು ದಾಟಿದವರು, ಗೋವಿಂದನಹಳ್ಳಿ ಕಡೆಯವರು, ಹೆಸರು ಜವರಮ್ಮ. ಬೆಳಗ್ಗೆ ಡೈರಿಗೆ ಹಾಲು ಹಾಕಿ ಬಸ್ಸು ಹಿಡಿದು ಬರುತ್ತಿದ್ದರು. ತಮ್ಮ ಬೀದಿಯ ನಾಲ್ಕಾರು ಮನೆಯವರು ಬೆಳೆವ ಸೊಪ್ಪನ್ನು ತಾವೇ ಗಾಡಿಯಲ್ಲಿ ಸಂತೆಗೆ ಒಯ್ಯಬೇಕೆಂಬುದು ಅವರ ಯೋಚನೆ. "ಗಾಡಿಯೋನ್ನ ಕರುದ್ರೆ ಅವ್ನ್ ಬರೋ ಒತ್ಗೆ ಸೊಪ್ಪು ಬಾಡೋಗಿರ್ತದೆ. ನಾವೇ ಓಡ್ಸದ ಕಲ್ತ್ರೆ ಅವನ್ ದಾರಿ ಯಾಕ್ ಕಾಯ್ಬೇಕು?"

ಅವರನ್ನು ಕುರ್ಚಿಯಿಂದ ಎಬ್ಬಿಸಿ ನಾನು ಕೂತೆ. ನನ್ನ ಸರ್ವಿಸ್ ಲಾಗಿನ್ ಹಾಕಿ ಆಟ ತೆರೆದೆ. ಆಟ ತೆರೆಯುತ್ತಿರುವುದನ್ನು ತೋರಿಸುವ ಗೆರೆ ಓಡಿತು, ರಸ್ತೆ ಬಂತು, ಗಾಡಿ ಹೊರಟಿತು. ಆರು ಯಂತ್ರದಲ್ಲೂ ಹಾಗೆಯೇ.

ಜವರಮ್ಮ ಬಗ್ಗಿ ನೋಡಿದರು. "ನಿನ್ನ ಕಂಡ್ರೆ ಎದ್ರುಕತದೆ ಅನ್ಸತದೆ."

ಅಂದು ನಾನು ಮಾಡಿದ್ದು ಎರಡು ಕೆಲಸ. ಫ್ಯಾನುಗಳ ದೂಳು ತೆಗೆದೆ. ಆಮೇಲೆ ನಿಂತುಹೋದ ಆಟವನ್ನು ಮುಚ್ಚುವುದು ಹೇಗೆಂದು ಎಲ್ಲರಿಗೂ ಕಲಿಸಿದೆ. ಇದನ್ನು ಯಾರೂ ಅವರಿಗೆ ಹೇಳಿಕೊಟ್ಟಿರಲಿಲ್ಲ. ಆಟ ತೆರೆಯಲಿಲ್ಲವೆಂದು ಅವರು ಪರದೆಯಲ್ಲಿರುವ ಆಟದ ಪುಟ್ಟ ಚಿತ್ರದ ಮೇಲೆ ಮತ್ತೆ ಮತ್ತೆ ಒತ್ತುತ್ತಿದ್ದರು. ಮೊದಲು ತೆರೆದದ್ದು ಕಣ್ಣಿಗೆ ಕಾಣದೆ ಒಳಗೇ ಸಿಕ್ಕಿಕೊಂಡಿರುತ್ತಿತ್ತು. ಅದು ಹೋಗುವವರೆಗೆ ಎರಡನೆಯದು ಬರುವುದಿಲ್ಲ. ಕೊನೆಗೆ ಪ್ಲಗ್ಗು ಕೀಳುತ್ತಿದ್ದರು, ಅದರಿಂದ ಫೈಲುಗಳು ಕೆಡುತ್ತಿದ್ದವು.

ಮೊದಲು ಎರಡು ನಿಮಿಷ ಕೈ ಕಟ್ಟಿ ಕಾಯಿರಿ ಎಂದೆ. ಹಳೆಯ ಯಂತ್ರ, ನಿಧಾನಕ್ಕೆ ಬಂದರೂ ಬರಬಹುದು. ಬರದಿದ್ದರೆ ಆಲ್ಟ್ ಜೊತೆ ಎಫ್ ನಾಲ್ಕು. ಅದಕ್ಕೂ ಜಗ್ಗದಿದ್ದರೆ ಕಂಟ್ರೋಲ್, ಶಿಫ್ಟ್, ಎಸ್ಕೇಪ್ ಮೂರನ್ನೂ ಒಟ್ಟಿಗೆ ಒತ್ತಿದರೆ ಓಡುತ್ತಿರುವ ಕೆಲಸಗಳ ಪಟ್ಟಿ ಬರುತ್ತದೆ. ಆಟ ಪರದೆಯನ್ನೆಲ್ಲ ಆವರಿಸಿಕೊಂಡು ಪಟ್ಟಿಯನ್ನು ಮುಚ್ಚಿಬಿಟ್ಟರೆ, ವಿಂಡೋಸ್ ಕೀ ಜೊತೆ ಟ್ಯಾಬ್ ಒತ್ತಿ ಹೊಸದೊಂದು ಡೆಸ್ಕ್‌ಟಾಪ್ ತೆರೆದು ಪಟ್ಟಿಯನ್ನು ಅಲ್ಲಿಗೆ ಕರೆಯಬೇಕು. ಅದರಲ್ಲಿ ಆಟದ ಚಿತ್ರ ಎಷ್ಟು ಸಲ ಕಾಣುತ್ತದೋ ಅಷ್ಟನ್ನೂ ಒಂದೊಂದಾಗಿ ಮುಗಿಸಬೇಕು. ಒಂದೂ ಉಳಿದಿಲ್ಲವೆಂದು ಖಾತ್ರಿಯಾದ ಮೇಲೆಯೇ ಮತ್ತೆ ತೆರೆಯುವುದು.

ಹನ್ನೆರಡರಲ್ಲಿ ಒಂಬತ್ತು ಮಂದಿಗೆ ಇಂಗ್ಲಿಷ್ ಅಕ್ಷರ ಬರುತ್ತಿರಲಿಲ್ಲ. ಯಾವ ಕೀ ಯಾವುದೆಂದು ಗುರುತು ಹೇಗೆ? ಜವರಮ್ಮ ಚೀಲದಿಂದ ಸ್ಟಿಕ್ಕರ್ ಬೊಟ್ಟಿನ ಪಟ್ಟಿ ತೆಗೆದು, ಪಟ್ಟಿ ಕರೆಯುವ ಮೂರು ಕೀಗಳ ಮೇಲೆ ಕೆಂಪು ಬೊಟ್ಟು ಅಂಟಿಸಿದರು. ಆಲ್ಟ್‌ಗೂ ಎಫ್ ನಾಲ್ಕಕ್ಕೂ ಹಸಿರು. ಸಂಜೆಯೊಳಗೆ ಆರು ಕೀಬೋರ್ಡೂ ಬೊಟ್ಟಿಟ್ಟುಕೊಂಡವು. ಆಟ ನಿಂತಾಗಲೆಲ್ಲ ಯಾರು ಕೂತಿದ್ದರು, ಏನು ಕಂಡಿತು ಎಂದು ಒಂದು ನೋಟ್‌ಬುಕ್ಕಿನಲ್ಲಿ ಬರೆದಿಡಿ ಎಂದು ಡ್ರೈವರಣ್ಣನಿಗೆ ಹೇಳಿ ಹೊರಟೆ.

ಆಮೇಲಿನ ಹತ್ತು ದಿನ ನಾನು ರಿಪೇರಿ ಪುಸ್ತಕದಲ್ಲಿದ್ದದ್ದನ್ನೆಲ್ಲ ಮಾಡಿದೆ. ಪರದೆಯ ಚಿತ್ರ ನೋಡಿಕೊಳ್ಳುವ ಗ್ರಾಫಿಕ್ಸ್ ಡ್ರೈವರ್ ತಂತ್ರಾಂಶವನ್ನು ಹೊಸದು ಮಾಡಿದೆ, ಆಮೇಲೆ ಹಳೆಯದಕ್ಕೇ ತಂದೆ. ಆಟದ ಫೈಲುಗಳು ಸರಿಯಿವೆಯೇ ಎಂದು ತಾಳೆ ನೋಡಿದೆ. ಆ್ಯಂಟಿವೈರಸ್ ಅಡ್ಡ ಬರುತ್ತಿದೆಯೇನೋ ಎಂದು ಆಟಕ್ಕೆ ವಿನಾಯಿತಿ ಕೊಟ್ಟೆ. ಸ್ಟಿಯರಿಂಗಿನ ವೈರು ಬಿಚ್ಚಿ ಬರೀ ಕೀಬೋರ್ಡಿನಲ್ಲಿ ಓಡಿಸಿದೆ. ಆಟವನ್ನು ಬೇರುಸಹಿತ ತೆಗೆದು ಮತ್ತೆ ಹಾಕಿದೆ. ಕರೆಂಟಿನ ದೋಷವಿರಬಹುದೆಂದು ಮೀಟರು ತಂದು ಅರ್ಥಿಂಗ್ ಅಳೆದೆ. ನಮ್ಮ ಮನೆಗಿಂತ ಚೆನ್ನಾಗಿತ್ತು. ಪ್ರತಿ ಸಲವೂ ನಾನು ಕೂತಾಗ ಓಡಿತು. ಪ್ರತಿ ಸಲವೂ ನಾನು ಎದ್ದು ಹೋದ ಮೇಲೆ ನಿಂತಿತು.

ಅಷ್ಟರಲ್ಲಿ ನಾಗಮಂಗಲದಿಂದಲೂ ಅದೇ ದೂರು ಬಂತು. ಶ್ರೀರಂಗಪಟ್ಟಣ, ಪಾಂಡವಪುರಗಳಲ್ಲಿ ಮಾತ್ರ ಏನೂ ಇಲ್ಲ. ಅದೇ ಯಂತ್ರ, ಅದೇ ಆಟ, ಅದೇ ಅಪ್‌ಡೇಟು.

ನಾಗಮಂಗಲದಲ್ಲಿ ಒಂದು ವಿಚಿತ್ರ ಕಂಡಿತು. ಅಲ್ಲಿನ ಹತ್ತು ಮಂದಿಯಲ್ಲಿ ಇಬ್ಬರಿಗೆ ಒಂದು ಸಲವೂ ಆಟ ನಿಂತಿರಲಿಲ್ಲ. ಇಬ್ಬರೂ ಪಿಯುಸಿ ಮಾಡಿದ ಹುಡುಗಿಯರು. ಉಳಿದ ಎಂಟು ಮಂದಿಗೆ ತೊಂದರೆ ಶುರುವಾದಾಗಿನಿಂದ ಒಂದು ಸಲವೂ ಓಡಿರಲಿಲ್ಲ.

ಇದನ್ನು ನಾನು ಫೋನಿನಲ್ಲಿ ನಮ್ಮ ಮ್ಯಾನೇಜರಿಗೆ ಹೇಳಿದೆ. ಹೇಳಬಾರದಿತ್ತು ಎಂದು ಆಗಲೇ ಅನ್ನಿಸಿತು.

"ನೋಡಿ, ಉತ್ತರ ನೀವೇ ಕೊಟ್ರಿ," ಎಂದರು ಅವರು. "ಓದಿದವರು ಕೂತರೆ ಓಡುತ್ತೆ. ಇವರು ಕೂತರೆ ನಿಲ್ಲುತ್ತೆ. ಮಷೀನ್ ಸರಿ ಇದೆ. ಇವರಿಗೆ ಇದನ್ನ ಕೊಟ್ಟದ್ದೇ ತಪ್ಪು."

"ಸರ್, ಅವರು ನಾನು ಹೇಳಿದ್ದನ್ನೆಲ್ಲ ಸರಿಯಾಗಿ ಮಾಡ್ತಿದ್ದಾರೆ."

"ಹಾಗಾದ್ರೆ ಯಾಕೆ ನಿಲ್ಲುತ್ತೆ? ಕಾರಣ ಹೇಳಿ."

"ಇನ್ನೂ ಹುಡುಕ್ತಿದ್ದೀನಿ ಸರ್."

ಮರುದಿನ ಅವರು ಒಂದು ಹಾಳೆಯ ವರದಿ ಕಳಿಸಿದರು. ಕೆ.ಆರ್. ಪೇಟೆ ಮತ್ತು ನಾಗಮಂಗಲದ ಯಂತ್ರಗಳಲ್ಲಿ ದೋಷವಿಲ್ಲ, ಬಳಕೆದಾರರ ಅಸಮರ್ಪಕ ನಿರ್ವಹಣೆಯೇ ಕಾರಣ, ಯಂತ್ರಗಳನ್ನು ಹಿಂದಕ್ಕೆ ಪಡೆಯುವುದು ಸೂಕ್ತ. ಕೆಳಗೆ ಪರಿಶೀಲಿಸಿದ ತಂತ್ರಜ್ಞೆ ಎಂದು ನನ್ನ ಹೆಸರು, ಅದರ ಮೇಲೆ ಸಹಿಗೆ ಜಾಗ. ಸೋಮವಾರ ವ್ಯಾನು ಬರುತ್ತದೆ, ಅಷ್ಟರಲ್ಲಿ ಸಹಿ ಮಾಡಿಡಿ ಎಂದಿದ್ದರು. ಅಂದು ಗುರುವಾರ.

ಆ ಹಾಳೆಯನ್ನು ಚೀಲದಲ್ಲಿಟ್ಟುಕೊಂಡೇ ಶುಕ್ರವಾರ ಬೆಳಗ್ಗೆ ಕೆ.ಆರ್. ಪೇಟೆಗೆ ಹೋದೆ. ಸಹಿ ಮಾಡುವುದಿಲ್ಲವೆಂದು ಬಸ್ಸಿನಲ್ಲೇ ನಿರ್ಧರಿಸಿದ್ದೆ ಎಂದು ಈಗ ಹೇಳಿಕೊಳ್ಳಬಹುದು, ಅದು ಸುಳ್ಳಾಗುತ್ತದೆ. ಪೆನ್ನೂ ಚೀಲದಲ್ಲೇ ಇತ್ತು. ಹತ್ತು ದಿನ ಸೋತವಳಿಗೆ, ತಪ್ಪು ಬೇರೆಯವರದು ಎಂದು ಬರೆದುಕೊಡುವ ಹಾಳೆ ಎಷ್ಟು ಹಗುರ ಎನಿಸುತ್ತದೆ ಎಂಬುದು ನನಗೆ ಗೊತ್ತು.

ಕೇಂದ್ರದಲ್ಲಿ ಹಾಳೆಯನ್ನು ಡ್ರೈವರಣ್ಣನಿಗೆ ತೋರಿಸಿದೆ. ಅವರು ಗಟ್ಟಿಯಾಗಿ ಓದಿದರು. ಹೆಂಗಸರು ಕೇಳಿಸಿಕೊಂಡರು. ಅಸಮರ್ಪಕ ಅಂದರೇನು ಎಂದು ಒಬ್ಬರು ಕೇಳಿದರು.

"ನಮ್ಗೆ ಬರಾಕಿಲ್ಲ ಅಂತ," ಎಂದರು ಜವರಮ್ಮ. ಆಮೇಲೆ ನನ್ನ ಕಡೆ ತಿರುಗಿದರು. "ನಾನೊಂದ್ ಮಾತ್ ಕೇಳ್ತೀನಿ, ಬೇಜಾರ್ ಮಾಡ್ಕಬ್ಯಾಡ ಕಣವ್ವ. ನೀನು ಬಂದಾಗ್ಲೆಲ್ಲ ನಮ್ಮನ್ನ ಎಬ್ಬುಸ್ಬುಟ್ಟು ನೀನ್ ಕುಂತ್ಕತೀಯ. ನಾವ್ ಕುಂತಾಗ ಏನಾಯ್ತದೆ ಅಂತ ನೀನು ಒಂದ್ ಕಿತನಾರ ನೋಡಿದ್ಯಾ?"

ನೋಡಿರಲಿಲ್ಲ. ಹತ್ತು ದಿನದಲ್ಲಿ ಒಂದು ಸಲವೂ ನೋಡಿರಲಿಲ್ಲ. ಬಾಯಲ್ಲಿ ಅವರ ಪರ ಮಾತಾಡುತ್ತಿದ್ದ ನಾನು, ಕೈಯಲ್ಲಿ ಮಾಡುತ್ತಿದ್ದದ್ದು ಮ್ಯಾನೇಜರು ನಂಬಿದ್ದನ್ನೇ: ಅವರನ್ನು ಪಕ್ಕಕ್ಕೆ ಸರಿಸಿ, ಯಂತ್ರವನ್ನು ಗೊತ್ತಿರುವವಳ ಕೈಗೆ ತೆಗೆದುಕೊಳ್ಳುವುದು.

"ಕೂತ್ಕೊಳ್ಳಿ. ನಾನು ಏನನ್ನೂ ಮುಟ್ಟಲ್ಲ," ಎಂದೆ.

ಜವರಮ್ಮ ಕೂತರು. ಯಂತ್ರ ಆನ್ ಮಾಡಿದರು. ಪರದೆಯ ಮೂಲೆಯಲ್ಲಿ ಹೆಸರುಗಳ ಸಾಲು ಬಂತು. ತಮ್ಮದರ ಮೇಲೆ ಒತ್ತಿದರು. ಆಟದ ಚಿತ್ರದ ಮೇಲೆ ಒತ್ತಿ ಕೈ ಕಟ್ಟಿಕೊಂಡರು. ಗೆರೆ ಅರ್ಧಕ್ಕೆ ಬಂದು ನಿಂತಿತು. ನಾನು ಹೇಳಿಕೊಟ್ಟಂತೆ ಎರಡು ನಿಮಿಷ ಕಾದರು. ಎರಡು ಹಸಿರು ಬೊಟ್ಟು ಒತ್ತಿದರು, ಆಗಲಿಲ್ಲ. ಮೂರು ಕೆಂಪು ಬೊಟ್ಟು ಒತ್ತಿದರು, ಪಟ್ಟಿಯಲ್ಲಿ ಆಟವನ್ನು ಹುಡುಕಿ ಮುಗಿಸಿದರು, ಇನ್ನೊಂದು ಉಳಿದಿದೆಯೇ ಎಂದು ನೋಡಿದರು. ನಾನು ಮಾಡಿದ್ದರೂ ಇದಕ್ಕಿಂತ ಚೆನ್ನಾಗಿ ಮಾಡುತ್ತಿರಲಿಲ್ಲ.

"ನೋಡ್ದ?"

ನಾನು ನೋಡುತ್ತಿದ್ದದ್ದು ಆಟವನ್ನಲ್ಲ. ಹೆಸರುಗಳ ಆ ಸಾಲು ತಲೆಯಲ್ಲಿ ನಿಂತುಬಿಟ್ಟಿತ್ತು. ಜವರಮ್ಮ, ನಿಂಗಮ್ಮ, ಚಿಕ್ಕತಾಯಮ್ಮ. ಎಲ್ಲವೂ ಕನ್ನಡ ಅಕ್ಷರದಲ್ಲಿ.

"ಈ ಹೆಸರುಗಳನ್ನು ಯಾರು ಹಾಕಿದ್ದು?" ಎಂದು ಕೇಳಿದೆ.

"ಅವ್ರೇ ಆಕಂಡ್ರು," ಎಂದರು ಡ್ರೈವರಣ್ಣ. "ಒಬ್ಬೊಬ್ರಿಗೂ ಬ್ಯಾರೆ ಲಾಗಿನ್ ಮಾಡಿ ಅಂದ್ರಲ್ಲ, ಸರಿ, ಅವರವರ ಎಸ್ರು ಅವರೇ ಒಡೀಲಿ ಅಂತ ಕನ್ನಡ ಕೀಬೋರ್ಡು ಆಕ್ಕೊಟ್ಟೆ. ಒಂದ್ ಬೆಳಗ್ಗೆ ಪೂರಾ ಇಡೀತು. ಆದ್ರೆ ಎಲ್ರೂ ಒಡುದ್ರು."

ಆಟದ ಫೋಲ್ಡರು ತೆರೆದೆ. ಪ್ರತಿ ಸಲ ಓಡುವಾಗಲೂ ಆಟ ತಾನು ಏನೇನು ಮಾಡಿದೆ ಎಂದು ಒಂದು ಫೈಲಿನಲ್ಲಿ ಬರೆದಿಡುತ್ತದೆ. ಇಷ್ಟು ದಿನ ನಾನು ಅದನ್ನು ಓದಿದ್ದೆ, ಆದರೆ ನಾನೇ ಓಡಿಸಿದ ಮೇಲೆ, ನನ್ನ ಲಾಗಿನ್ನಿನಲ್ಲಿ. ಅದರಲ್ಲಿ ತಪ್ಪು ಏಕೆ ಇರುತ್ತದೆ? ಈಗ ಜವರಮ್ಮ ಮುಚ್ಚಿದ ಕೂಡಲೇ ತೆರೆದೆ. ಕೊನೆಯ ಸಾಲಿನಲ್ಲಿ ಆಟ ಒಂದು ದಾರಿಯನ್ನು ಬರೆದು, ಅದು ಸಿಗಲಿಲ್ಲ ಎಂದಿತ್ತು. ಗಂಟೆಗಳನ್ನು ಉಳಿಸಿಡಬೇಕಾದ ಜಾಗದ ದಾರಿ. ಬಳಕೆದಾರರ ಹೆಸರಿರಬೇಕಾದಲ್ಲಿ ಸಾಲಾಗಿ ಆರು ಪ್ರಶ್ನೆ ಚಿಹ್ನೆಗಳಿದ್ದವು.

ಡ್ರೈವರಣ್ಣ ಬೆರಳಿಟ್ಟು ಎಣಿಸಿದರು. "ಜವರಮ್ಮ ಅಂದ್ರೆ ನಾಕೇ ಅಕ್ಸರ ಅಲ್ವ?"

"ನಮ್ಮ ಕಣ್ಣಿಗೆ ನಾಲ್ಕು. ಕಂಪ್ಯೂಟರು ಒತ್ತಕ್ಷರವನ್ನು ಬಿಡಿಸಿ ಇಟ್ಟುಕೊಳ್ಳುತ್ತೆ. ಮ, ಅದನ್ನು ಅರ್ಧಾಕ್ಷರ ಮಾಡುವ ಗುರುತು, ಮತ್ತೊಂದು ಮ. ಅಲ್ಲಿಗೆ ಆರು." ಕುರ್ಚಿಯನ್ನು ನಿಂಗಮ್ಮನ ಕಡೆ ತಿರುಗಿಸಿದೆ. "ನಿಂಗಮ್ಮನವರೇ, ನೀವು ಕೂತ್ಕೊಳ್ಳಿ. ಗುಡಿಸು, ಸೊನ್ನೆ ಎಲ್ಲ ಸೇರಿ ನಿಮಗೆ ಏಳು ಬರಬೇಕು."

ನಿಂಗಮ್ಮ ಕೂತರು, ಆಟ ನಿಂತಿತು, ಮುಚ್ಚಿದರು. ಏಳು ಪ್ರಶ್ನೆ ಚಿಹ್ನೆ.

ಯಾರೋ ಬರೆದ ಆಟಕ್ಕೆ ಇಂಗ್ಲಿಷ್ ಬಿಟ್ಟು ಬೇರೆ ಅಕ್ಷರದಲ್ಲಿ ಮನುಷ್ಯರಿಗೆ ಹೆಸರಿರಬಹುದೆಂಬ ಕಲ್ಪನೆಯೇ ಇರಲಿಲ್ಲ. ನಾಗಮಂಗಲಕ್ಕೆ ಫೋನು ಮಾಡಿ ಕೇಳಿದೆ. ಎಂಟು ಮಂದಿ ಕನ್ನಡದಲ್ಲಿ ಹೊಡೆದಿದ್ದರು, ನಿಂತಿತು; ಪಿಯುಸಿ ಹುಡುಗಿಯರು ಹೆಸರನ್ನು ಇಂಗ್ಲಿಷಿನಲ್ಲಿ ಹೊಡೆದಿದ್ದರು, ಓಡಿತು. ಅವರ ಓದಿಗೂ ಅದಕ್ಕೂ ಸಂಬಂಧವಿರಲಿಲ್ಲ.

ಆದರೆ ಊಹೆ ಬೇರೆ, ಪುರಾವೆ ಬೇರೆ. ಜವರಮ್ಮನ ಲಾಗಿನ್ ಹೆಸರನ್ನು ಸೆಟ್ಟಿಂಗಿನಲ್ಲಿ ಇಂಗ್ಲಿಷಿಗೆ ಬದಲಿಸಿ ನೋಡಿದೆ. ಆಟ ಮತ್ತೆ ನಿಂತಿತು. ಎಲ್ಲ ಮತ್ತೆ ಮೊದಲಿನಿಂದ ಎಂದುಕೊಂಡೆ. ಡ್ರೈವರಣ್ಣ ಟೀ ತರಿಸಿದರು. ಟೀ ಕುಡಿಯುತ್ತ ಅದೇ ಫೈಲನ್ನು ಮತ್ತೆ ತೆರೆದರೆ, ಪ್ರಶ್ನೆ ಚಿಹ್ನೆ ಆರೂ ಹಾಗೇ ಇವೆ. ಆಗ ಹೊಳೆಯಿತು. ನಾನು ಬದಲಿಸಿದ್ದು ಪರದೆಯ ಮೇಲೆ ಕಾಣುವ ಹೆಸರನ್ನಷ್ಟೇ. ಲಾಗಿನ್ ಮೊದಲು ಹುಟ್ಟಿದಾಗ ಯಾವ ಹೆಸರಿತ್ತೋ ಅದೇ ಹೆಸರಿನ ಫೋಲ್ಡರು ಒಳಗೆ ಇರುತ್ತದೆ. ಹೊರಗಿನ ಹೆಸರು ಎಷ್ಟು ಬದಲಿಸಿದರೂ ಅದು ಬದಲಾಗುವುದಿಲ್ಲ. ಹೊಸದಾಗಿ ಒಂದು ಇಂಗ್ಲಿಷ್ ಲಾಗಿನ್ ಮಾಡಿ ಜವರಮ್ಮನನ್ನು ಕೂರಿಸಿದೆ. ಗೆರೆ ಕೊನೆಯವರೆಗೂ ಓಡಿತು. ರಸ್ತೆ ಬಂತು.

ಡ್ರೈವರಣ್ಣ ಅದನ್ನು ನೋಟ್‌ಬುಕ್ಕಿನಲ್ಲಿ ಬರೆದುಕೊಂಡರು.

ಮ್ಯಾನೇಜರಿಗೆ ಫೋನು ಮಾಡಿ ಎಲ್ಲವನ್ನೂ ವಿವರಿಸಿದೆ. ಅವರಿಗೂ ಸಮಾಧಾನವಾಯಿತು. "ಗುಡ್. ಹಾಗಾದ್ರೆ ಎಲ್ಲ ಹೆಸರೂ ತೆಗೆದುಹಾಕಿ, ಯೂಸರ್ ಒಂದು, ಯೂಸರ್ ಎರಡು ಅಂತ ಮಾಡಿ. ಶ್ರೀರಂಗಪಟ್ಟಣ, ಪಾಂಡವಪುರದಲ್ಲಿ ಹಾಗೇ ಮಾಡಿರೋದು. ವರದಿಯಲ್ಲಿ, ಬಳಕೆದಾರರು ತಪ್ಪಾಗಿ ಹೆಸರು ನಮೂದಿಸಿದ್ದರಿಂದ ಅಂತ ತಿದ್ದಿ."

ಫೋನಿನ ಸ್ಪೀಕರು ಹಾಕಿದ್ದೆ. ಎಲ್ಲರೂ ಕೇಳಿಸಿಕೊಂಡರು.

ಜವರಮ್ಮ ಕುರ್ಚಿಯಿಂದ ಎದ್ದರು. ಕೋಪ ಮಾಡಿಕೊಂಡಂತೆ ಕಾಣಲಿಲ್ಲ. "ಎಸ್ರು ತಪ್ಪು ಅಂದ್ರಾ ಅವ್ರು?"

ನಾನು ಹೌದೆಂದು ತಲೆಯಾಡಿಸಿದೆ.

"ನಮ್ಮವ್ವ ಇಟ್ಟ ಎಸ್ರು ಅದು. ನಾನು ಓದಿರದು ಮೂರ್ನೇ ಕ್ಲಾಸು. ಬ್ಯಾರೆ ಏನ್ ಬರ್ದ್ರೂ ತಪ್ಪಾಯ್ತದೆ, ಒಪ್ಕತೀನಿ. ಅದೊಂದನ್ನ ತಪ್ಪಿಲ್ದಂಗೆ ಬರಿಯಾಕೆ ಬತ್ತದೆ ನಂಗೆ. ಆ ನಂಬರ್ರು ನಂಗ್ ಬ್ಯಾಡ ಕಣವ್ವ. ಅಂಗಾದ್ರೆ ನಾನು ಇದ್ನ ಬುಟ್ಟು ಊರ್ ಬಸ್ಸಿಗೋಯ್ತೀನಿ."

ಒಂದು ಜಾಣ ದಾರಿ ನನಗೆ ಗೊತ್ತಿತ್ತು. ಇಂಗ್ಲಿಷಿನಲ್ಲಿ ಹೊಸ ಲಾಗಿನ್ ಹುಟ್ಟಿಸಿ, ಆಮೇಲೆ ಹೊರಗೆ ಕಾಣುವ ಹೆಸರನ್ನು ಮಾತ್ರ ಕನ್ನಡಕ್ಕೆ ತಿರುಗಿಸುವುದು. ಆಟವೂ ಓಡುತ್ತದೆ, ಪರದೆಯಲ್ಲಿ ಅವರ ಹೆಸರೂ ಇರುತ್ತದೆ, ಯಾರಿಗೂ ಏನೂ ತಿಳಿಯುವುದಿಲ್ಲ. ಇನ್ನೊಂದು ದಿನವಾಗಿದ್ದರೆ ಅದನ್ನೇ ಮಾಡಿ ಮನೆಗೆ ಹೋಗುತ್ತಿದ್ದೆ. ಆದರೆ ಹಾಗೆ ಮಾಡಿದರೆ ತಪ್ಪು ಹೆಸರಿನದೇ ಎಂದು ನಾನೂ ಒಪ್ಪಿಕೊಂಡಂತೆ. ಹತ್ತು ದಿನ ಅವರನ್ನು ಕುರ್ಚಿಯಿಂದ ಎಬ್ಬಿಸಿದ್ದೆ. ಇನ್ನೊಂದು ಸಲ ಎಬ್ಬಿಸಲು ಮನಸ್ಸು ಬರಲಿಲ್ಲ.

"ಸರ್, ಹೆಸರು ತಿದ್ದಲ್ಲ. ವರದಿಗೆ ಸಹಿಯನ್ನೂ ಮಾಡಲ್ಲ," ಎಂದೆ. "ಸೋಮವಾರದವರೆಗೆ ಟೈಮ್ ಇದೆಯಲ್ಲ."

"ಸೋಮವಾರ ನಾನೇ ಬರ್ತೀನಿ," ಎಂದು ಫೋನಿಟ್ಟರು.

ಶನಿವಾರ ಪೂರ್ತಿ ಹುಡುಕಿದೆ. ಆಟದ ಒಳಗನ್ನು ನಾನು ತಿದ್ದಲಾರೆ. ಆದರೆ ಅದು ಇಂಗ್ಲಿಷ್ ಅಕ್ಷರವನ್ನಷ್ಟೇ ಬಲ್ಲ ಹಳೆಯ ರೀತಿಯಲ್ಲಿ ಹೆಸರು ಕೇಳಿದಾಗ ವಿಂಡೋಸ್ ಕೊಡುವ ಉತ್ತರವನ್ನು ಬದಲಿಸಬಹುದಲ್ಲ? ಪ್ರದೇಶ ಮತ್ತು ಭಾಷೆಯ ಸೆಟ್ಟಿಂಗಿನ ಒಳಗೆ, ಯಾರೂ ತೆರೆಯದ ಒಂದು ಪುಟದಲ್ಲಿ, ಹಳೆಯ ತಂತ್ರಾಂಶಗಳ ಜೊತೆಗೂ ಎಲ್ಲ ಭಾಷೆಯ ಅಕ್ಷರ ಬಲ್ಲ ಯೂನಿಕೋಡಿನಲ್ಲೇ ವ್ಯವಹರಿಸು ಎಂಬ ಸಣ್ಣ ಚೌಕವೊಂದಿದೆ. ಪಕ್ಕದಲ್ಲಿ, ಇದು ಇನ್ನೂ ಪರೀಕ್ಷೆಯ ಹಂತದಲ್ಲಿದೆ ಎಂಬ ಎಚ್ಚರಿಕೆ. ಅಂಥದ್ದನ್ನು ಮುಟ್ಟಬಾರದೆಂದು ಕಂಪನಿಯ ನಿಯಮ. ಒಂದು ಯಂತ್ರದಲ್ಲಿ ಗುರುತು ಹಾಕಿ, ನಾನು ಬದಲಿಸಿದ್ದ ಹೆಸರನ್ನು ಕನ್ನಡಕ್ಕೇ ತಂದು, ಯಂತ್ರವನ್ನು ಮತ್ತೆ ಆನ್ ಮಾಡಿದೆ. ಜವರಮ್ಮ ತಮ್ಮ ಹಳೆಯ ಹೆಸರಿನ ಮೇಲೆ ಒತ್ತಿದರು.

ಗೆರೆ ಅರ್ಧಕ್ಕೆ ಬಂತು. ಅರ್ಧ ದಾಟಿತು. ರಸ್ತೆ ಬಂತು.

ಅವರು ಕ್ಲಚ್ಚು ತುಳಿದು ಮೊದಲ ಗೇರು ಹಾಕಿದರು. ಯಾರೂ ಚಪ್ಪಾಳೆ ತಟ್ಟಲಿಲ್ಲ, ಎಲ್ಲರೂ ರಸ್ತೆಯನ್ನೇ ನೋಡುತ್ತಿದ್ದರು. ಪರದೆಯ ಕೆಳಮೂಲೆಯಲ್ಲಿ ಚಾಲಕರ ಹೆಸರು ಬರುವ ಜಾಗದಲ್ಲಿ ಖಾಲಿ ಚೌಕಗಳ ಸಾಲು ಕಂಡಿತು. ಆಟದಲ್ಲಿ ಕನ್ನಡದ ಫಾಂಟೇ ಇಲ್ಲ, ಅದನ್ನು ನಾನು ಸರಿಮಾಡಲಾಗಲಿಲ್ಲ, ಇಂದಿಗೂ ಆಗಿಲ್ಲ. ಆಟ ಮಾಡಿದವರಿಗೆ ಚಿತ್ರಸಮೇತ ದೂರು ಬರೆದಿದ್ದೇನೆ.

ಒಂದೇ ಗೆಲುವನ್ನು ನಂಬಬಾರದೆಂದು ನಾನು ಹತ್ತು ದಿನದಲ್ಲಿ ಕಲಿತಿದ್ದೆ. ಆದ್ದರಿಂದ ಉಳಿದ ಐದಕ್ಕೂ ಗುರುತು ಹಾಕಿ, ಹನ್ನೆರಡು ಮಂದಿಯನ್ನೂ ಆರು ಯಂತ್ರದಲ್ಲೂ ಕೂರಿಸಿ ನೋಡಿದೆವು. ಬೇಕೆಂದೇ ನಡುವೆ ಮುಚ್ಚಿಸಿದೆ, ಮತ್ತೆ ತೆರೆಸಿದೆ, ಗಂಟೆಗಳು ಉಳಿದಿವೆಯೇ ನೋಡಿದೆ. ಉಳಿದಿದ್ದವು. ಒಂದು ಯಂತ್ರದಲ್ಲಿ ಮಾತ್ರ ಆಟ ಮತ್ತೆ ಮತ್ತೆ ನಿಂತಿತು, ನನ್ನ ಲಾಗಿನ್ನಿನಲ್ಲೂ ನಿಂತಿತು. ಅದರ ಹಾರ್ಡ್‌ಡಿಸ್ಕ್ ಅಷ್ಟರಲ್ಲಿ ನಿಜವಾಗಿಯೂ ಕೆಟ್ಟಿತ್ತು. ಅದನ್ನು ಪಕ್ಕಕ್ಕಿಟ್ಟು ಚೀಟಿ ಅಂಟಿಸಿದೆ. ಭಾನುವಾರ ನಾಗಮಂಗಲಕ್ಕೆ ಹೋಗಿ ಅಲ್ಲಿಯೂ ಇದನ್ನೇ ಮಾಡಿ ಬಂದೆ. ಅಲ್ಲಿನ ಎಂಟು ಮಂದಿ ರಜೆಯ ದಿನವೂ ಬಂದಿದ್ದರು.

ಸೋಮವಾರ ಹತ್ತು ಗಂಟೆಗೆ ವ್ಯಾನು ಕೆ.ಆರ್. ಪೇಟೆಯ ಕೇಂದ್ರದ ಮುಂದೆ ನಿಂತಿತು. ಮ್ಯಾನೇಜರು ಇಳಿದರು, ಹಿಂದೆ ಇಬ್ಬರು ಹಮಾಲರು. ಒಳಗೆ ಐದು ಕುರ್ಚಿಯಲ್ಲಿ ಐದು ಹೆಂಗಸರು ಗಾಡಿ ಓಡಿಸುತ್ತಿದ್ದರು. ಉಳಿದವರು ಸರದಿಗೆ ಕಾಯುತ್ತಿದ್ದರು.

"ಎಲ್ಲರೂ ಸ್ವಲ್ಪ ಏಳಿ," ಎಂದರು ಮ್ಯಾನೇಜರು.

ಯಾರೂ ಏಳಲಿಲ್ಲ. ಜವರಮ್ಮ ರಸ್ತೆಯಿಂದ ಕಣ್ಣು ತೆಗೆಯದೆ ಹೇಳಿದರು, "ಗಾಡಿ ಓಡ್ತಾ ಅದೆ ಸಾ. ನಡೂ ರಸ್ತೇಲಿ ಎಂಗ್ ಬುಟ್ಟೇಳದು?"

ಡ್ರೈವರಣ್ಣ ಕಿಟಕಿಯ ಕಡೆ ಮುಖ ತಿರುಗಿಸಿ ಕೆಮ್ಮಿದರು.

ಮ್ಯಾನೇಜರು ಅವರ ಹಿಂದೆ ನಿಂತು ನೋಡಿದರು. ಜವರಮ್ಮ ತಿರುವಿನಲ್ಲಿ ಗೇರು ಇಳಿಸಿದರು, ಕನ್ನಡಿ ನೋಡಿದರು, ಎದುರು ಬಂದ ಲಾರಿಗೆ ದಾರಿ ಬಿಟ್ಟರು. ನಿಲ್ದಾಣ ಸೇರಿ ಗಾಡಿ ನಿಲ್ಲಿಸಿ, ಆಟವನ್ನು ಸರಿಯಾಗಿ ಮುಚ್ಚಿ, ಆಮೇಲೆ ಎದ್ದರು. ನಿಂಗಮ್ಮ ಕೂತು ತಮ್ಮ ಹೆಸರಿನ ಮೇಲೆ ಒತ್ತಿದರು. ಮತ್ತೆ ರಸ್ತೆ ಬಂತು.

"ಇವತ್ತು ಓಡ್ತು. ನಾಳೆ ನಿಂತ್ರೆ?" ಎಂದು ಮ್ಯಾನೇಜರು ನನ್ನನ್ನು ಕೇಳಿದರು.

"ನಾಳೆ ನಿಂತ್ರೆ ನಾಳೆ ಕಾರಣ ಹುಡುಕ್ತೀನಿ ಸರ್. ಸಿಗೋವರೆಗೆ ಸಿಕ್ಕಿಲ್ಲ ಅಂತ ಬರೀತೀನಿ. ಇವರಿಂದ ಅಂತ ಬರೆಯಲ್ಲ."

ನಾನು ಬರೆದಿಟ್ಟಿದ್ದ ವರದಿಯನ್ನು ಕೊಟ್ಟೆ. ದೋಷ ತಂತ್ರಾಂಶದ್ದು, ಬಳಕೆದಾರರದಲ್ಲ. ಒಂದು ಯಂತ್ರದ ಹಾರ್ಡ್‌ಡಿಸ್ಕ್ ಕೆಟ್ಟಿದೆ. ದೋಷ ಪತ್ತೆ ತಡವಾದದ್ದು ತಂತ್ರಜ್ಞೆ ಬಳಕೆದಾರರ ಲಾಗಿನ್ನಿನಲ್ಲಿ ಪರೀಕ್ಷಿಸದೇ ಇದ್ದುದರಿಂದ. ಕೊನೆಯ ಸಾಲನ್ನು ಅವರು ಎರಡು ಸಲ ಓದಿದರು. "ಇದನ್ನ ಬರೀಬೇಕಾಗಿರ್ಲಿಲ್ಲ," ಎಂದರು. ನಿಜವಾಗಿದ್ದರಿಂದ ಬರೆದೆ ಎಂದೆ. ಹಮಾಲರು ಚೀಟಿ ಅಂಟಿಸಿದ ಆ ಒಂದು ಯಂತ್ರವನ್ನು ಹೊತ್ತು ವ್ಯಾನಿಗೆ ಹಾಕಿದರು.

ನಿಯಮ ಮೀರಿ ಸೆಟ್ಟಿಂಗು ಮುಟ್ಟಿದ್ದಕ್ಕೆ ನನಗೆ ಲಿಖಿತ ಎಚ್ಚರಿಕೆ ಬಂತು. ಅದಕ್ಕೆ ಕ್ಷಮೆ ಕೇಳಿ ಉತ್ತರ ಬರೆಯಿರಿ ಎಂದರು. ಯಾವ ಸೆಟ್ಟಿಂಗು, ಏಕೆ, ಯಾವ ಕ್ರಮದಲ್ಲಿ ಎಂದು ಒಂದೊಂದು ಹೆಜ್ಜೆಯನ್ನೂ ಕನ್ನಡದಲ್ಲಿ ಬರೆದು, ಅದನ್ನೇ ಉತ್ತರವಾಗಿ ಕಳಿಸಿ, ಒಂದು ಪ್ರತಿಯನ್ನು ಡ್ರೈವರಣ್ಣನ ಮೇಜಿನ ಮೇಲಿಟ್ಟೆ. ಕ್ಷಮೆ ಕೇಳಲಿಲ್ಲ. ಆ ಹಾಳೆಯ ಪ್ರತಿಗಳು ಹೇಗೋ ನಾಲ್ಕು ಕೇಂದ್ರಕ್ಕೂ ಹೋದವು. ಕೊಟ್ಟವರು ಯಾರೆಂದು ನಾನು ಡ್ರೈವರಣ್ಣನನ್ನು ಕೇಳಲಿಲ್ಲ, ಅವರೂ ಹೇಳಲಿಲ್ಲ.

ಒಂದು ತಿಂಗಳ ನಂತರ ಶ್ರೀರಂಗಪಟ್ಟಣದ ಕೇಂದ್ರದಿಂದ ಕರೆ ಬಂತು. ಅಲ್ಲಿ ಒಂದು ದಿನವೂ ಯಾವ ಆಟವೂ ನಿಂತಿರಲಿಲ್ಲ. ಏನು ಕೆಟ್ಟಿದೆ ಎಂದು ಕೇಳಿದೆ. ಏನೂ ಕೆಟ್ಟಿಲ್ಲ, ಆದರೂ ಬನ್ನಿ ಎಂದರು.

ಹೋದೆ. ಬಾಬುರಾಯನಕೊಪ್ಪಲಿನ ಹೆಂಗಸೊಬ್ಬರು ಮೊದಲ ಯಂತ್ರದ ಮುಂದೆ ಕೂತಿದ್ದರು. ಪರದೆಯ ಮೂಲೆಯಲ್ಲಿ ಯೂಸರ್ ಒಂದರಿಂದ ಯೂಸರ್ ಹನ್ನೊಂದರವರೆಗೆ ಸಾಲು. ಅವರ ಕೈಯಲ್ಲಿ ನನ್ನ ಹಾಳೆಯಿತ್ತು.

"ನಾನು ಇದ್ರಲ್ಲಿ ಯೂಸರ್ ನಾಕು ಕಣಕ್ಕ," ಎಂದರು. "ಕೆ.ಆರ್. ಪೇಟೇಲಿ ಎಲ್ರುದೂ ಅವ್ರವ್ರ ಎಸ್ರೇ ಅದಂತಲ್ಲ. ನಮ್ದು ಕೆಟ್ಟೋಗಿಲ್ಲ ಅಂತ ನಮ್ಮುನ್ನ ಯಾರೂ ಕೇಳ್ನೇ ಇಲ್ಲ."

ನಾನು ಸೆಟ್ಟಿಂಗಿನ ಆ ಚೌಕಕ್ಕೆ ಗುರುತು ಹಾಕಿ ಯಂತ್ರವನ್ನು ಮತ್ತೆ ಆನ್ ಮಾಡಿದೆ. ಹೊಸ ಲಾಗಿನ್ನಿನ ಪುಟ ತೆರೆದು, ಕನ್ನಡ ಕೀಬೋರ್ಡು ಹಾಕಿ, ಹಿಂದಕ್ಕೆ ಸರಿದು ನಿಂತೆ. ಅವರು ಒಂದು ಬೆರಳಿನಲ್ಲಿ ಹುಡುಕಿ ಹುಡುಕಿ ಒತ್ತಿದರು. ಮೊದಲ ಅಕ್ಷರ ಬಂತು, ಅದು ತಪ್ಪಾಗಿತ್ತು. ಅಳಿಸಿ ಮತ್ತೆ ಒತ್ತಿದರು. ಅವರ ಹಿಂದೆ ಹತ್ತು ಮಂದಿ ಸಾಲಾಗಿ ನಿಂತಿದ್ದರು. ಮಧ್ಯಾಹ್ನದ ಊಟದ ಹೊತ್ತು ಮೀರುತ್ತಿತ್ತು, ಯಾರೂ ಕದಲಲಿಲ್ಲ.